ಊರಿಗೆ ಊರೇ ಬಾಗಿಲಿಗೆ ಬಂದಾಗ

ಊಲ್ಕಾನ್ ಬರುವಾಗ ಕೈಯಲ್ಲಿ ರೊಟ್ಟಿ ಇದ್ದರೆ ಜನ ನಗುತ್ತಾ ಬಾಗಿಲು ತೆರೆಯುತ್ತಿದ್ದರು. ಕೈ ಬರಿದಾಗಿದ್ದು, ಜೊತೆಗೆ ಇನ್ನಿಬ್ಬರು ಇದ್ದರೆ, ಬಾಗಿಲ ಆಚೆಯೇ ಕುಸಿದು ಕೂರುತ್ತಿದ್ದರು. ಆಕ್‌ಶಿಲ್ಬಿ ಎಂಬ ಕಲ್ಲಿದ್ದಲ ಗಣಿಯ ಊರಿನಲ್ಲಿ ಇದು ತೊಟ್ಟಿಲ ಕೂಸಿಗೂ ಗೊತ್ತಿದ್ದ ವಿಷಯ.

ನಮ್ಮ ಕಿರ್ಗಿಜ್ ಜನರಲ್ಲಿ ಸಾವಿನ ಸುದ್ದಿಯನ್ನು ಒಬ್ಬರೇ ಹೋಗಿ ಹೇಳುವ ಹಾಗಿಲ್ಲ. ಕಡಿಮೆಯೆಂದರೆ ಮೂವರು ಬೇಕು, ಅವರಲ್ಲಿ ವಯಸ್ಸಾದ ಗಂಡಸೊಬ್ಬ ಮುಂದಿರಬೇಕು. ಹೋದವರು ಕೂರಬೇಕು, ದನಕರು ಹೇಗಿವೆ ಎಂದು ಕೇಳಬೇಕು, ಮಳೆ ಚಳಿಯ ಮಾತಾಡಬೇಕು. ಆಮೇಲೆ ದೂರದಲ್ಲಿರುವವರ ಸುದ್ದಿ ಎತ್ತಿ, ಅಲ್ಲಿಂದ ಒಂದೊಂದೇ ಹೆಜ್ಜೆ ಇಟ್ಟು ಆ ಮಾತಿಗೆ ಬರಬೇಕು. ಇದಕ್ಕೆ ನಾವು ‘ಕೇಳಿಸುವುದು’ ಎನ್ನುತ್ತೇವೆ. ದಡಬಡನೆ ಹೇಳಿ ಕೈತೊಳೆದುಕೊಳ್ಳುವವನನ್ನು ಊರು ಸಾಯುವವರೆಗೂ ಕ್ಷಮಿಸುವುದಿಲ್ಲ. ಮಾತು ಮುಂದಿನ ಗಂಡಸಿನದ್ದೇ ಆದರೂ ಊಲ್ಕಾನಳ ಕೆಲಸ ಬೇರೆ ಇತ್ತು. ಕೇಳಬೇಕಾದ ಹೆಂಗಸಿನ ಎದುರಿಗೇ ಕೂತು, ಸುದ್ದಿ ಬಾಯಿಂದ ಬೀಳುವ ಮುಂಚೆ ಅವಳ ಎರಡೂ ಮಣಿಕಟ್ಟುಗಳನ್ನು ಹಿಡಿದುಕೊಳ್ಳುವುದು. ನಮ್ಮ ಹೆಂಗಸರು ದುಃಖ ಬಂದರೆ ಕೆನ್ನೆಯನ್ನು ಉಗುರಿನಿಂದ ಸೀಳಿಕೊಳ್ಳುವವರು. ಊಲ್ಕಾನ್ ಹಿಡಿದ ಕೈ ಬಿಡಿಸಿಕೊಂಡವರಿಲ್ಲ.

ಈ ಕೆಲಸ ಅವಳಿಗೆ ಯಾರೂ ಕೊಟ್ಟದ್ದಲ್ಲ, ತಾನಾಗಿ ಬಂದು ಕುತ್ತಿಗೆಗೆ ಬಿದ್ದದ್ದು. ಹತ್ತೊಂಬತ್ತನೇ ವಯಸ್ಸಿಗೆ ಬೆಟ್ಟದ ಕುರಿಫಾರಂನಿಂದ ಇಳಿದು ಬಂದು ಗಣಿಯ ಅಂಚೆಕಚೇರಿಯಲ್ಲಿ ಟೆಲಿಫೋನ್ ಆಪರೇಟರ್ ಆದಳು. ಊರಿಗೆ ಬರುವ ಕರೆಯೆಲ್ಲ ಮೊದಲು ಅವಳ ಕಿವಿಗೇ. ಮದುವೆ, ವರ್ಗಾವಣೆ, ಜಗಳ, ಸಾವು ಎಲ್ಲ. ಹಾಗಾಗಿ ಹಿರಿಯರನ್ನು ಕರೆಯುವವಳೂ ಅವಳೇ, ಜೊತೆಗೆ ನಡೆಯುವವಳೂ ಅವಳೇ ಆದಳು. ಸುರಂಗ ಕುಸಿದ ವರ್ಷ ಒಂದೇ ಬೆಳಿಗ್ಗೆ ಏಳು ಮನೆಗಳ ಮೆಟ್ಟಿಲು ಹತ್ತಿಳಿದಿದ್ದಳು. ರಷ್ಯನ್ ಹೆಂಗಸು ಗಲೀನಾ, ಮಾತು ಮುಗಿಯುವ ಮುನ್ನವೇ ತಲೆಯಿಂದ ಅವಳ ಮುಖಕ್ಕೆ ಗುದ್ದಿದ್ದಳು. ಊಲ್ಕಾನ್ ಕೈ ಹಿಡಿದಿದ್ದಳಲ್ಲ, ತಲೆ ಹಿಡಿಯುವುದು ಹೇಗೆ? ಆ ದಿನ ಮುರಿದ ಮೂಗು ಇವತ್ತಿಗೂ ಸ್ವಲ್ಪ ಎಡಕ್ಕೆ ವಾಲಿದೆ.

ತನ್ನ ಗಂಡ ಸೊಲ್ತೋನ್ ಜಿಲ್ಲಾಸ್ಪತ್ರೆಯಲ್ಲಿ ಗಣಿಧೂಳು ತುಂಬಿದ ಶ್ವಾಸಕೋಶದಿಂದ ತೀರಿಕೊಂಡ ಸುದ್ದಿಯೂ ಅವಳ ಕಿವಿಗೇ ಬಂತು. “ಗಣಿಯ ಹಿರಿಯರಿಗೆ ಲೈನ್ ಕೊಡಮ್ಮ” ಎಂದಿತು ಆ ಕಡೆಯ ಧ್ವನಿ. ಅವಳು ಕೊಟ್ಟಳು, ತನ್ನ ಕಿವಿಯ ತಂತಿ ತೆಗೆಯದೆ ಪೂರ್ತಿ ಕೇಳಿದಳು. ಮುಂದಿನ ಎರಡು ಕರೆಗಳನ್ನೂ ಜೋಡಿಸಿ, ಮನೆಗೆ ಹೋಗಿ, ಒಲೆಯ ಪಕ್ಕ ಕೂತುಕೊಂಡಳು. ಹಿರಿಯರು ಮೂವರು ಬಂದರು. ಆಡು ಹೇಗಿದೆ ಎಂದರು, ಚಳಿ ಜೋರಾಯಿತು ಎಂದರು. ಅವಳು ಆಡು ಚೆನ್ನಾಗಿದೆ ಎಂದಳು, ಹೌದು ಚಳಿ ಎಂದಳು. ಕೊನೆಗೆ ಹೇಳಿದಾಗ, ಮೊದಲ ಸಲ ಕೇಳಿದವಳಂತೆಯೇ ಕಿರುಚಿ ಬಿದ್ದಳು. ಆಮೇಲೆ ಹೇಳುತ್ತಿದ್ದಳು: “ಕಿವಿಗೆ ಬಿದ್ದಿತ್ತು, ಆದ್ರೆ ಅವ್ರು ಕೇಳಿಸೋವರೆಗೂ ಅವನು ಸತ್ತಿರ್ಲಿಲ್ಲ.” ಮಕ್ಕಳಿರಲಿಲ್ಲ.

ಗಣಿ ಮುಚ್ಚಿತು. ಸರ್ಕಾರವೇ ಬದಲಾಗಿಹೋದ ಕಾಲ, ಗಣಿ ಯಾವ ಲೆಕ್ಕ. ಮೊದಲು ಸಂಬಳ ನಿಂತಿತು, ಆಮೇಲೆ ಬಿಸಿನೀರಿನ ಕೊಳವೆ ತಣ್ಣಗಾಯಿತು, ಆಮೇಲೆ ಜನ ಗಂಟು ಕಟ್ಟಿದರು. ಊರು ಬಿಡುವುದು ಹೇಗೆಂದು ಯಾರಿಗೂ ಗೊತ್ತಿರಲಿಲ್ಲ. ಮರ್ಯಾದೆಯಿಂದ ಎಲ್ಲರ ಮನೆಗೂ ಹೋಗಿ ಹೇಳಿ ಹೊರಡೋಣ ಎಂದುಕೊಂಡರು. ಒಂದೇ ಲಾರಿಯಲ್ಲಿ ಹೊರಟಿದ್ದ ನಾಲ್ಕು ಮನೆಯವರು ಒಟ್ಟಾಗಿ, ಪ್ರಯಾಣದ ಕಪ್ಪು ಕೋಟು ತೊಟ್ಟು, ಮುದುಕಿ ಕಾಲ್‌ಬೂಬೂಳ ಮನೆಗೆ ಹೋದರು. ರೊಟ್ಟಿ ಆಗಲೇ ಲಾರಿಯೊಳಗೆ ಕಟ್ಟಿಟ್ಟಾಗಿತ್ತು. ಮುದುಕಿಯ ಮೊಮ್ಮಗ ಆಗ ಸೈನ್ಯದಲ್ಲಿದ್ದ. ಕಿಟಕಿಯಿಂದ ಈ ಗುಂಪನ್ನು ನೋಡಿದ್ದೇ ತಡ, ಅವಳು ತಲೆಯ ಬಟ್ಟೆ ಕಿತ್ತೆಸೆದು, ಕೆನ್ನೆ ಸೀಳಿಕೊಂಡು ಅಂಗಳಕ್ಕೆ ಬಂದು ಬಿದ್ದಳು.

“ಅಲ್ಲಜ್ಜೀ, ಅಲ್ಲ! ಯಾರೂ ಸತ್ತಿಲ್ಲ! ನಾವು ಊರು ಬಿಡ್ತಿದೀವಿ ಅಷ್ಟೇ!” ಎಂದು ಅವರೆಲ್ಲ ಕೂಗಿಕೊಂಡರು.

ಮುದುಕಿ ಮಣ್ಣಲ್ಲಿ ಕೂತೇ ಅವರನ್ನು ಒಬ್ಬೊಬ್ಬರನ್ನಾಗಿ ನೋಡಿದಳು. “ಅಷ್ಟೇನಾ? ಹಾಗಾದ್ರೆ ನಾನು ಅತ್ತಿದ್ದು ಸರಿಯಾಗೇ ಇದೆ ಬಿಡಿ” ಎಂದಳು. ಕೆನ್ನೆಯ ಗಾಯ ಕೀವಾಗಿ, ಹನ್ನೊಂದನೇ ದಿನಕ್ಕೆ ಸತ್ತಳು. ಆವತ್ತಿನಿಂದ ಆಕ್‌ಶಿಲ್ಬಿಯಲ್ಲಿ ಯಾರೂ ಹೇಳಿ ಹೋಗಲಿಲ್ಲ. ಸೂರ್ಯ ಹುಟ್ಟುವ ಮುಂಚೆ ಲಾರಿ ಬರುತ್ತಿತ್ತು, ಬೆಳಕಾಗುವ ಹೊತ್ತಿಗೆ ಮನೆ ಖಾಲಿ. ಬಾಗಿಲು, ಕಿಟಕಿಯ ಚೌಕಟ್ಟು, ನೆಲದ ಹಲಗೆ ಎಲ್ಲ ಕಿತ್ತುಕೊಂಡು ಹೋಗುತ್ತಿದ್ದರು. ಮೂವತ್ತು ವರ್ಷ ಒಂದೇ ಮೆಟ್ಟಿಲು ಹತ್ತಿಳಿದವರು ಊಲ್ಕಾನಳಿಗೆ ಒಂದು ಮಾತು ಹೇಳದೆ ಹೋದರು. ಯಾರನ್ನು ಬೈಯುವುದು? ಬೈಸಿಕೊಳ್ಳಲು ಯಾರಿದ್ದರು?

ಎರಡು ಸಾವಿರದ ಹದಿನಾಲ್ಕರ ಹೊತ್ತಿಗೆ ಊರಲ್ಲಿ ಉಳಿದವರು ಮೂರೇ ಜನ. ಊಲ್ಕಾನ್ ಒಬ್ಬಳು. ಕೆಳಗಿನ ಸಾಲಿನ ಬತ್ಮಾ, ಗಣಿಯ ಅಡುಗೆಮನೆಯಲ್ಲಿ ದುಡಿದವಳು, ಒಂದು ಹಸು ಇಟ್ಟುಕೊಂಡವಳು. ಮೂರನೆಯವನು ಜುಮಾದಿಲ್, ಗಣಿಯ ಕಸದ ದಿಬ್ಬಕ್ಕೆ ಕಾವಲಿದ್ದ ಕುಂಟ. ದಿಬ್ಬವನ್ನು ಯಾರು ಕದಿಯುತ್ತಾರೋ ದೇವರಿಗೇ ಗೊತ್ತು.

ಮೂರು ಜನರಿರುವ ಊರಿನಲ್ಲಿ ಇಬ್ಬರಿಗೆ ಮಾತಿಲ್ಲ. ಆರು ವರ್ಷದ ಹಿಂದೆ, ಕಡುಚಳಿಯಲ್ಲಿ, ಜುಮಾದಿಲ್ ಹಳೆಯ ಅಂಚೆಕಚೇರಿಯ ನೆಲದ ಹಲಗೆ ಕಿತ್ತು ಒಲೆಗೆ ಹಾಕಿದ್ದ. ಊಲ್ಕಾನ್ ಕೂತು ದುಡಿದ ಜಾಗದ ಹಲಗೆ. ಅವಳು “ಕಳ್ಳ ಮುಂಡೇದೆ” ಎಂದಳು, ಅವನು “ಹಲಗೆ ಮೇಲೆ ನಿನ್ನ ಹೆಸರಿತ್ತೇನೆ?” ಎಂದ. ಅಷ್ಟಕ್ಕೇ ನಿಂತಿತು. ಆಮೇಲಿಂದ ಎಲ್ಲ ಬತ್ಮಾಳ ಮೂಲಕ. “ಆ ಕುಂಟನಿಗೆ ಹೇಳು, ಅವನ ನಾಯಿ ನನ್ನ ಕೋಳಿ ತಿಂದಿದೆ.” “ಆ ಸೊಟ್ಟಮೂಗಿಗೆ ಹೇಳು, ಕೋಳಿಯೇ ನಾಯಿಯನ್ನ ಕರೆದಿದ್ದು.” ಬತ್ಮಾ ನಗುತ್ತಿದ್ದಳು: “ಟೆಲಿಫೋನ್ ಕೆಲಸ ನೀನು ಮಾಡಿದ್ದು, ಈಗ ಮಾಡ್ತಿರೋದು ನಾನು. ಪಿಂಚಣಿ ನನಗೆ ಬರಬೇಕು ಕಣೇ.”

ಬತ್ಮಾಳಿಗೆ ಒಬ್ಬನೇ ಮಗ, ಕುಬಾತ್. ರಷ್ಯಾದ ಉತ್ತರಕ್ಕೆ ಹೋಗಿ ಕಟ್ಟಡದ ಕೆಲಸ ಮಾಡುತ್ತಿದ್ದ. ಆ ಆಗಸ್ಟಿನಲ್ಲಿ ಅವನ ಕರೆ ಬಂತು. ಊರಲ್ಲಿ ಸಿಗ್ನಲ್ ಸಿಗುವುದು ಗುಡ್ಡದ ಮೇಲಿನ ನೀರಿನ ಟ್ಯಾಂಕಿನ ಹತ್ತಿರ ಮಾತ್ರ. ಬತ್ಮಾ, ಊಲ್ಕಾನ್ ಇಬ್ಬರೂ ಹತ್ತಿ ಹೋಗಿದ್ದರು. ಇಳಿಯುವಾಗ ಬತ್ಮಾಳ ಕಾಲು ನೆಲದ ಮೇಲಿರಲಿಲ್ಲ.

“ಅಕ್ಟೋಬರ್‌ಗೆ ಬರ್ತಾನಂತೆ ಊಲ್ಕಾನ್! ಪಟ್ಟಣದ ಹೊರಗೆ ಎರಡು ಕೋಣೆ ಮನೆ ನೋಡಿದಾನಂತೆ. ನನ್ನ ಕರ್ಕೊಂಡು ಹೋಗ್ತಾನಂತೆ. ಹಸುಗೂ ಜಾಗ ಇದೆಯಂತೆ ಕಣೇ!”

“ಒಳ್ಳೇದಾಯ್ತು” ಎಂದಳು ಊಲ್ಕಾನ್. ನಕ್ಕಳು ಕೂಡ. ಮನೆಗೆ ಬಂದು ಹಿಟ್ಟು ನಾದಲು ಕೂತಾಗ ಬಾಯಿಂದ ತಾನಾಗಿ ಹೊರಬಿತ್ತು: “ಆ ಹುಡುಗನಿಗೆ ಏನಾದ್ರೂ ಅಡ್ಡಿ ಬರಲಿ.” ಗಟ್ಟಿಯಾಗಿಯೇ ಹೇಳಿದ್ದಳು. ಟಿಕೆಟ್ ಸಿಗದಿರಲಿ, ಮಾಲೀಕ ರಜೆ ಕೊಡದಿರಲಿ, ಮನೆಯ ವ್ಯವಹಾರ ಮುರಿಯಲಿ, ಇಷ್ಟೇ ಅವಳ ಮನಸ್ಸಿನಲ್ಲಿದ್ದದ್ದು. ಬತ್ಮಾ ಹೋದರೆ ಆ ಕುಂಟನ ಜೊತೆ, ಅದೂ ಮಾತಿಲ್ಲದೆ, ಆರು ತಿಂಗಳ ಹಿಮ ಕಳೆಯಬೇಕು. ಹೆದರಿದ್ದಳು, ಅಷ್ಟೇ. ಹೆದರಿದವರ ಬಾಯಿಗೆ ಏನು ಬರುತ್ತದೋ ಅದು ಬಂತು.

ಸೆಪ್ಟೆಂಬರ್ ಕೊನೆಯ ಮಂಗಳವಾರ ಅವಳು ಟ್ಯಾಂಕಿನ ಹತ್ತಿರ ಹೋದಾಗ ಫೋನ್ ತಾನೇ ಬಡಿದುಕೊಂಡಿತು. ಕುಬಾತನ ಚಿಕ್ಕಪ್ಪ, ಕೆಳಗಿನ ಕಣಿವೆಯ ಹಳ್ಳಿಯವನು.

“ಊಲ್ಕಾನಕ್ಕ, ಒಬ್ಬರೇ ಇದೀರಾ?”

“ಒಬ್ಬಳೇ. ಹೇಳು.”

“ಹುಡುಗ ಮೇಲಿಂದ ಬಿದ್ದ. ಒಂಬತ್ತನೇ ಮಹಡಿ. ಹೆಣ ಶನಿವಾರ ವಿಮಾನದಲ್ಲಿ ಬರುತ್ತೆ. ನಮ್ಮ ಮನೆ ಮುಂದೆ ಹೆಣ ಇಡೋಕೆ ಡೇರೆ ಹಾಕ್ತಿದೀವಿ. ಶುಕ್ರವಾರ ಅತ್ತಿಗೆಯನ್ನ ಕರ್ಕೊಂಡು ಹೋಗೋಕೆ ಬರ್ತೀವಿ. ನಾವು ಗಾಡಿಯಿಂದ ಅಳ್ತಾನೇ ಇಳಿಬೇಕು, ನಿಮಗೆ ಗೊತ್ತಲ್ಲ. ಅಷ್ಟರೊಳಗೆ ಅವಳಿಗೆ ಕೇಳಿಸಿರಬೇಕು ಅಕ್ಕ. ನಮ್ಮ ಅಳು ಕೇಳಿ ಅವಳಿಗೆ ಗೊತ್ತಾಗೋ ಹಾಗೆ ಆಗಬಾರದು.”

“ಆಗಲ್ಲ” ಎಂದಳು. ಫೋನ್ ಇಟ್ಟ ಮೇಲೆ ಟ್ಯಾಂಕಿನ ತುಕ್ಕು ಕಾಲಿಗೆ ಒರಗಿ ಕೂತಳು. ಅಡ್ಡಿ ಬಂದಿತ್ತು.

ಮೂವರು ಬೇಕು. ಬುಧವಾರವಿಡೀ ಅವಳು ಜನ ಹುಡುಕಿದಳು. ಬೇಸಿಗೆ ಮೇವಿಗೆ ಬರುವ ಕುರಿಗಾಹಿ ಸತ್ಕಿನ್ ಮೇಲಿರಬಹುದೆಂದು ಎರಡು ಗಂಟೆ ಬೆಟ್ಟ ಹತ್ತಿದಳು. ಅಲ್ಲಿ ಮೂರು ಒಲೆಗಲ್ಲು, ಒಣಗಿದ ಹಿಕ್ಕೆ. ಅವನು ಮಂದೆ ಹೊಡೆದುಕೊಂಡು ಕೆಳಗಿಳಿದು ವಾರವಾಗಿತ್ತು. ವಾಪಸ್ ಬರುವಾಗ ಐದು ಮಹಡಿಯ ಕಟ್ಟಡಗಳ ನಡುವೆ ಹಾದು ಬಂದಳು. ಬೇರೆಯವರು ನೋಡಿದರೆ ಕಿಟಕಿ ಕಿತ್ತ ಜಾಗವೆಲ್ಲ ಒಂದೇ ತರಹದ ತೂತುಗಳು. ಅವಳಿಗೆ ಮಾತ್ರ ಪ್ರತಿ ತೂತೂ ಒಂದು ಸಾವಿನ ಗುರುತು. ಎರಡನೇ ಮಹಡಿ ಎಡಕ್ಕೆ, ಸುರಂಗದಲ್ಲಿ ಹೋದ ತೊಲೊಮುಶ್. ಅವನ ಹೆಂಡತಿ ಸಾರು ಕುದಿಸುತ್ತಿದ್ದಳು. ಅದರ ಮೇಲೆ ಗಲೀನಾ. ಆಚೆ ಕಟ್ಟಡದ ಮೂಲೆಯಲ್ಲಿ ಮಗಳನ್ನು ಹೆರಿಗೆಯಲ್ಲಿ ಕಳೆದುಕೊಂಡ ಬೈಶಾ. ಅವಳ ಮಣಿಕಟ್ಟು ಎಷ್ಟು ಸಣ್ಣದಿತ್ತೆಂದರೆ ಒಂದೇ ಕೈಯಲ್ಲಿ ಎರಡೂ ಸಿಕ್ಕಿದ್ದವು. ಅವರೆಲ್ಲ ಎಲ್ಲಿದ್ದಾರೋ, ಇದ್ದಾರೋ ಇಲ್ಲವೋ. ಅವರ ದುಃಖಗಳೆಲ್ಲ ಇವಳ ತಲೆಯಲ್ಲಿ ಬಿದ್ದಿದ್ದವು, ತೆಗೆದುಕೊಂಡು ಹೋಗುವವರಿಲ್ಲ.

ಗುರುವಾರ ಬೆಳಿಗ್ಗೆ ಅವಳು ಜುಮಾದಿಲ್‌ನ ಗುಡಿಸಲ ಮುಂದೆ ನಿಂತಳು. ಅವನು ಹೊರಬಂದು, ಅವಳನ್ನು ನೋಡಿ, ಸುತ್ತ ಬೇರೆ ಯಾರಾದರೂ ಇದ್ದಾರಾ ಎಂದು ನೋಡಿದ.

“ನನ್ನ ಜೊತೆಗೇ ಮಾತಾಡೋಕೆ ಬಂದ್ಯಾ?”

“ಕುಬಾತ್ ಸತ್ತ” ಎಂದಳು. ಜನ್ಮದಲ್ಲಿ ಮೊದಲ ಬಾರಿಗೆ, ದನ ಇಲ್ಲ, ಚಳಿ ಇಲ್ಲ, ದಡಕ್ಕನೆ.

ಜುಮಾದಿಲ್ ಅಲ್ಲೇ ಕಟ್ಟೆಯ ಮೇಲೆ ಕೂತ. ಆ ಹುಡುಗನಿಗೆ ಮೀನು ಹಿಡಿಯುವುದನ್ನು ಕಲಿಸಿದವನು ಅವನು. “ಇನ್ಯಾರು ಬರ್ತಾರೆ ಜೊತೆಗೆ?” ಎಂದ.

“ಯಾರೂ ಇಲ್ಲ. ನೀನು, ನಾನು.”

“ಇಬ್ಬರು ಹೋದ್ರೆ ಅದು ಕೇಳಿಸಿದ್ದು ಆಗುತ್ತೇನೆ? ಉಪ್ಪು ಕೇಳೋಕೆ ಬಂದ್ರು ಅಂದ್ಕೋತಾಳೆ.”

“ಮತ್ತೇನು, ದಿಬ್ಬದಿಂದ ಒಬ್ಬರನ್ನ ಅಗೆದು ತೆಗೀತೀಯಾ? ಎದ್ದೇಳು. ಆ ಹರಕು ಟೋಪಿ ತೆಗೆದು ಒಳ್ಳೇದು ಹಾಕ್ಕೋ.”

ಅವನು ಬಿಳಿ ಉಣ್ಣೆಯ ಟೋಪಿ ಹಾಕಿಕೊಂಡ. ಇಬ್ಬರೂ ಕೆಳಗಿನ ಸಾಲಿಗೆ ನಡೆದರು. ಅವನ ಕುಂಟು ಕಾಲಿಗೆ ಹೊಂದಿಸಿ ಅವಳೂ ನಿಧಾನ ನಡೆದಳು. ಹೇಗೆ ಶುರು ಮಾಡುವುದೆಂದು ದಾರಿಯಲ್ಲಿ ಒಪ್ಪಂದವಾಯಿತು. ಅವನು ಹಸುವಿನಿಂದ ಎತ್ತುವುದು, ಅವಳು ಎದುರಿಗೆ ಕೂರುವುದು. ಹೇಗಾದರೂ ಮಾಡಿ ಇದೊಂದು ಸರಿಯಾಗಲಿ ಎಂದು ಊಲ್ಕಾನ್ ದೇವರನ್ನು ಬೇಡಿಕೊಂಡಳು. ಎಷ್ಟೋ ಪರರಿಗೆ ಸರಿಯಾಗಿ ಮಾಡಿ, ತನಗೆ ಉಳಿದ ಒಬ್ಬಳಿಗೆ ಕೆಡಿಸಿದರೆ ತಾನು ಬದುಕಿದ್ದಕ್ಕೆ ಅರ್ಥವಿಲ್ಲ ಎನ್ನಿಸಿತು.

ಬತ್ಮಾ ಅಂಗಳದಲ್ಲಿ ಹಳೆಯ ಕಂಬಳಿಗಳನ್ನು ಕೊಡವುತ್ತಿದ್ದಳು. ಗೋಡೆಯ ಪಕ್ಕ ಎರಡು ಗಂಟು ಆಗಲೇ ಕಟ್ಟಿಟ್ಟಿದ್ದವು. ತಲೆಯೆತ್ತಿದಳು, ಮುಖ ಅರಳಿತು.

“ಅಯ್ಯೋ ನನ್ನ ಕಣ್ಣೇ! ಹಾವು ಮುಂಗುಸಿ ಒಟ್ಟಿಗೆ ಬರ್ತಿವೆ! ಏನು, ನಾನು ಹೊರಡೋ ಮುಂಚೆ ರಾಜಿ ಆಗೋಣ ಅಂತಾನಾ? ಬನ್ನಿ ಬನ್ನಿ, ಟೀ ಇಡ್ತೀನಿ, ಹಾಲು ಈಗಷ್ಟೇ ಕರೆದಿದ್ದು…”

ಜುಮಾದಿಲ್ “ಹಸು ಹೇಗಿದೆ ಬತ್ಮಾ?” ಎಂದ.

ಬತ್ಮಾಳ ಕೈಯಲ್ಲಿ ಕಂಬಳಿ ಹಾಗೇ ನಿಂತಿತು. ಜುಮಾದಿಲ್‌ನ ಒಳ್ಳೆಯ ಟೋಪಿ ನೋಡಿದಳು. ಊಲ್ಕಾನಳ ಬರಿಗೈ ನೋಡಿದಳು. ಅವರ ಹಿಂದೆ ಇಳಿಜಾರಿನ ಉದ್ದಕ್ಕೂ ಮೇಲಿನವರೆಗೂ ಖಾಲಿ ಮನೆಗಳೇ.

“ನೀವಿಬ್ಬರು” ಎಂದಳು, “ಅಂದ್ರೆ ಊರಿಗೆ ಊರೇ ಬಂದಿದೆ.”

ಊಲ್ಕಾನ್ ಓಡಿ ಹೋಗಿ ಮಣಿಕಟ್ಟು ಹಿಡಿದಳು.

“ಬಿಡಿಸ್ಕೊಳಲ್ಲ, ಹಿಡ್ಕೋ. ಆದ್ರೆ ಅರ್ಧಂಬರ್ಧ ಬೇಡ” ಎಂದಳು ಬತ್ಮಾ. ಧ್ವನಿ ಎಲ್ಲೋ ದೂರದಿಂದ ಬರುತ್ತಿತ್ತು. “ನಾನು ಬಡವಳು, ಆದ್ರೆ ದಿಕ್ಕಿಲ್ಲದವಳಲ್ಲ. ಕ್ರಮವಾಗಿ ಕೇಳಿಸಿ. ಜುಮಾದಿಲಣ್ಣ, ಹಸು ಚೆನ್ನಾಗಿದೆ. ಮುಂದೆ ಕೇಳು.”

ಮೂವರೂ ನೆಲಕ್ಕೆ ಕೂತರು. ಜುಮಾದಿಲ್ ಚಳಿಯ ಬಗ್ಗೆ ಕೇಳಿದ, ಅವಳು ಉತ್ತರಿಸಿದಳು. ಮೇವು ಕೇಳಿದ, ಉತ್ತರಿಸಿದಳು. ದೂರ ಹೋದವರ ಸುದ್ದಿ ಇದೆಯಾ ಎಂದ. “ಮಗ ಉತ್ತರದಲ್ಲಿದಾನೆ. ಅಕ್ಟೋಬರ್‌ಗೆ ಬರ್ತಾನೆ” ಎಂದಳು ಬತ್ಮಾ. ಅಲ್ಲಿಗೆ ಜುಮಾದಿಲ್‌ನ ಬಾಯಿ ಕಟ್ಟಿಹೋಯಿತು. ಆಗ ಊಲ್ಕಾನಳೇ, ಹೆಂಗಸು ಆಡಬಾರದ ಆ ಮಾತನ್ನು ಆಡಿದಳು: “ಶನಿವಾರಾನೇ ಬರ್ತಿದಾನೆ ಬತ್ಮಾ. ಕಾಲ ಮೇಲೆ ಬರ್ತಿಲ್ಲ.”

ಬತ್ಮಾಳ ಕೈಗಳು ಎಳೆದ ರಭಸಕ್ಕೆ ಊಲ್ಕಾನ್ ಮುಂದಕ್ಕೆ ಮುಗ್ಗರಿಸಿದಳು, ಬಿಡಲಿಲ್ಲ.

ಅಳು ಇಳಿದ ಮೇಲೆ ಬತ್ಮಾ ಒಳಗೆ ಹೋಗಿ ಗೋಡೆಗೆ ಮುಖ ಮಾಡಿ ಕೂತು, ಸೊಂಟಕ್ಕೆ ಕೈಕೊಟ್ಟು ಮಗನ ಮೇಲೆ ಹಾಡಿಕೊಂಡು ಅಳತೊಡಗಿದಳು. ತಾಯಿ ಹಾಗೆ ಕೂತ ಮೇಲೆ ಗಂಡಸರು ಬರಬೇಕು. ದೂರದಿಂದಲೇ “ಅಯ್ಯೋ ನನ್ನ ಕರುಳೇ” ಎಂದು ಕೂಗುತ್ತಾ ಮನೆಯತ್ತ ಓಡಿ ಬರಬೇಕು, ಆಗ ಅವಳ ಹಾಡಿಗೆ ದನಿ ಏರುತ್ತದೆ. ಯಾರೂ ಬಾರದ ಮನೆಯಲ್ಲಿ ತಾಯಿಯ ಹಾಡು ಗಂಟಲಲ್ಲೇ ಉಳಿಯುತ್ತದೆ. ಅವಳ ಹಾಡು ಹಾಗೇ ಸಣ್ಣಗಾಗುತ್ತಿತ್ತು.

ಜುಮಾದಿಲ್ ಎದ್ದು ರಸ್ತೆಯ ತಿರುವಿನವರೆಗೂ ಕುಂಟುತ್ತಾ ಹೋದ. ಅಲ್ಲಿಂದ ತಿರುಗಿ, ಎರಡೂ ಕೈ ಸೊಂಟಕ್ಕೊತ್ತಿ, “ಅಯ್ಯೋ ನನ್ನ ಕರುಳೇ! ನನ್ನ ಮರಿಯೇ!” ಎಂದು ಕೂಗುತ್ತಾ ಓಡಿ ಬಂದ. ಒಳಗೆ ಹಾಡು ಮೇಲೆದ್ದಿತು. ಅವನು ಬಾಗಿಲಲ್ಲಿ ಅತ್ತ, ಕಣ್ಣೊರೆಸಿಕೊಂಡ, ಮತ್ತೆ ತಿರುವಿಗೆ ಹೋದ, ಮತ್ತೆ ಕೂಗುತ್ತಾ ಬಂದ. ಎರಡನೇ ಸಲ ಬರುವಾಗ ಬಾಗಿಲಲ್ಲಿ ನಿಂತಿದ್ದ ಊಲ್ಕಾನ್ ಒಳಗೆ ಕೇಳುವಂತೆ ಹೇಳಿದಳು: “ತೊಲೊಮುಶ್ ಮನೆಯವರು ಬಂದ್ರು ಬತ್ಮಾ.” ಮೂರನೇ ಸಲ: “ಬೈಶಾ ಮನೆಯವರು ಬಂದ್ರು.” ನಾಲ್ಕನೇ ಸಲ: “ಕಾಲ್‌ಬೂಬೂ ಮೊಮ್ಮಗ ಬಂದ.” ಪ್ರತಿ ಮನೆಯ ಹೆಸರನ್ನೂ ಬತ್ಮಾ ಹಾಡಿಗೆ ಸೇರಿಸಿಕೊಂಡು, ನನ್ನ ಮಗ ನಿಮ್ಮ ಅಂಗಳದಲ್ಲಿ ಆಡಿದವನು ಎಂದು ಅವರಿಗೆ ಹೇಳಿಕೊಂಡು ಅತ್ತಳು. ಒಂಬತ್ತನೇ ಸಲಕ್ಕೆ ಜುಮಾದಿಲ್ ಅಂಗಳದ ಮಧ್ಯದಲ್ಲೇ ಕೂತುಬಿಟ್ಟ. ಅವನ ಒಳ್ಳೆಯ ಕಾಲೂ ಸೋತಿತ್ತು.

ಹಾಡು ನಿಂತಿತು. “ಇನ್ಯಾರು ಬರ್ಲಿಲ್ಲ?” ಎಂದು ಗೋಡೆಯ ಕಡೆಯಿಂದ ಬತ್ಮಾ ಕೇಳಿದಳು.

ಬರದೆ ಉಳಿದವಳು ಊಲ್ಕಾನ್. ಹೆಂಗಸರು ಒಳಗೆ ಹೋಗಿ ತಬ್ಬಿಕೊಂಡು ಅಳಬೇಕು; ಅವಳು ಹೊಸ್ತಿಲು ದಾಟಿರಲಿಲ್ಲ. ಆ ಅಡ್ಡಿಯ ಮಾತನ್ನು ಹೊಟ್ಟೆಯಲ್ಲಿಟ್ಟುಕೊಂಡು ತಬ್ಬಿಕೊಳ್ಳುವುದು ಅವಳಿಂದ ಆಗಲಿಲ್ಲ. ಹೇಳಿಬಿಟ್ಟಳು. ಹಿಟ್ಟು ನಾದುವಾಗ ಏನು ಅಂದೆ, ಯಾಕೆ ಅಂದೆ, ಎಷ್ಟು ಹೆದರಿದ್ದೆ, ಎಲ್ಲ. “ಸಾವು ಅಂತ ಅನ್ಲಿಲ್ಲ ಬತ್ಮಾ. ದೇವರಾಣೆ, ಅಡ್ಡಿ ಅಂದೆ ಅಷ್ಟೇ.”

ಬತ್ಮಾ ಗೋಡೆಯಿಂದ ಮುಖ ತಿರುಗಿಸಲಿಲ್ಲ. ಊಲ್ಕಾನ್ ಕೊಟ್ಟಿಗೆಗೆ ಹೋಗಿ ಹಸುವಿಗೆ ಮೇವು ಹಾಕಿದಳು.

ಶುಕ್ರವಾರ ಮಧ್ಯಾಹ್ನ ಗಾಡಿ ಬಂತು. ಆರು ಗಂಡಸರು ಕೂಗುತ್ತಾ ಇಳಿದರು, ಬತ್ಮಾ ಕ್ರಮ ತಪ್ಪದೆ ಅವರನ್ನು ಅಳುತ್ತಾ ಎದುರುಗೊಂಡಳು. ಚಿಕ್ಕಪ್ಪ ಊಲ್ಕಾನಳ ಕೈಹಿಡಿದು, “ಸರಿಯಾಗಿ ಕೇಳಿಸಿದ್ರಿ ಅಕ್ಕ, ನಿಮ್ಮ ಋಣ ತೀರಿಸೋಕಾಗಲ್ಲ” ಎಂದ. ಅವಳೂ ಕಪ್ಪು ಕೋಟು ತೊಟ್ಟು, ಬತ್ಮಾಳ ಗಂಟು ಹಿಡಿದು ಗಾಡಿಯ ಹತ್ತಿರ ಬಂದಳು. ಬತ್ಮಾ ಗಂಟನ್ನು ಅವಳ ಕೈಯಿಂದ ತೆಗೆದುಕೊಂಡಳು.

“ಜುಮಾದಿಲಣ್ಣ ಬರಲಿ” ಎಂದಳು. “ನೀನು ಬೇಡ.”

ಎರಡು ದಿನ ಊಲ್ಕಾನ್ ಆ ಊರಲ್ಲಿ ಒಬ್ಬಳೇ ಇದ್ದಳು. ಹಸು ಕರೆದಳು, ಹಾಲು ಕಾಯಿಸಿದಳು, ಕುಡಿಯುವವರಿಲ್ಲದೆ ಹುಳಿಯಾದದ್ದನ್ನು ಜುಮಾದಿಲ್‌ನ ನಾಯಿಗೆ ಹಾಕಿದಳು. ಭಾನುವಾರ ಸಂಜೆಗೆ ಮುಂಚೆ ಯಾರದೋ ಗಾಡಿ ಅವನನ್ನು ತಿರುವಿನಲ್ಲಿ ಇಳಿಸಿ ಹೋಯಿತು. ಬಂದವನೇ ಅವಳ ಕಟ್ಟೆಯ ಮೇಲೆ ಕೂತು ಬೂಟು ಕಳಚಿದ.

“ಮಣ್ಣು ಚೆನ್ನಾಗಿ ಆಯ್ತು. ತುಂಬ ಜನ ಸೇರಿದ್ರು” ಎಂದ. “ಅವಳು ಅಲ್ಲೇ ಮೈದುನನ ಮನೇಲಿ ಇರ್ತಾಳಂತೆ. ಇನ್ನು ಇಲ್ಲಿಗೆ ಬರಲ್ಲ. ಹಸು ನೀನೇ ಇಟ್ಕೋಬೇಕಂತೆ.”

“ನನ್ನ ಬಗ್ಗೆ ಏನಂದ್ಲು?”

“ಏನೂ ಅನ್ಲಿಲ್ಲ.”

“ಬೈಯ್ಲೂ ಇಲ್ವಾ? ಬೈದಿದ್ರೆ ಚೆನ್ನಾಗಿತ್ತು ಜುಮಾದಿಲ್.”

ಅವನು ಊದಿದ ಕಾಲನ್ನು ಒತ್ತಿಕೊಳ್ಳುತ್ತಾ ಹೇಳಿದ: “ಬೈಬೇಕಾದ್ರೆ ಅವಳು ನಿನ್ನ ಬಾಗಿಲಿಗೆ ಬರಬೇಕಾಗಿತ್ತಲ್ಲೇ.”